ತೇಯಾ ಫೊನ್ ಹಾರ್ಬೂ: ಚಿತ್ರಕಥೆಯ ಕರ್ತೃತ್ವವಿಚಾರ

ಪ್ರಾಚೀನ ಗ್ರಂಥಗಳ ಸಂಪಾದನಕಾರ್ಯದಲ್ಲಿ ತೊಡಗಿದವರಿಗೆ ಗ್ರಂಥಪಾತವೆಂಬುದು ಹೊಸದಲ್ಲ. ಓಲೆಯ ಕಟ್ಟಿನ ನಡುವೆ ನಾಲ್ಕು ಗರಿಗಳು ಹೋಗಿರುತ್ತವೆ. ಹೋದ ಗರಿಗಳಲ್ಲಿ ಏನಿದ್ದಿತೆಂಬುದನ್ನು ಟೀಕೆಯಿಂದಲೋ, ಅನ್ಯಗ್ರಂಥಗಳಲ್ಲಿ ಉದ್ಧೃತವಾದ ವಾಕ್ಯಗಳಿಂದಲೋ ಊಹಿಸಿ ತಿಳಿಯಬೇಕಾಗುತ್ತದೆ. ಇಂಥ ಪರಿಷ್ಕರಣವು ಚಲಚ್ಚಿತ್ರವೊಂದರ ವಿಷಯದಲ್ಲಿಯೂ ನಡೆದಿದೆಯೆಂದರೆ ವಾಚಕರಲ್ಲಿ ಕೆಲವರಿಗಾದರೂ ಆಶ್ಚರ್ಯವಾದೀತು. ೧೯೨೭ನೆಯ ಇಸವಿ ಜನವರಿ ೧೦ರಂದು ಬರ್ಲಿನ್ ನಗರದಲ್ಲಿ ಮೊದಲು ಪ್ರದರ್ಶಿತವಾದ ‘ಮೆಟ್ರೊಪೊಲಿಸ್’ ಎಂಬ ಜರ್ಮನ್ ಮೂಕಚಿತ್ರದ ಉದ್ದ ೪೧೮೯ ಮೀಟರುಗಳು. ಅದೇ ವರ್ಷದಲ್ಲಿಯೇ, ಇಷ್ಟು ದೀರ್ಘವಾದ ಚಿತ್ರವು ವ್ಯಾಪಾರಕ್ಕೆ ಒದಗದೆಂದು, ಅದರ ಸುಮಾರು ನಾಲ್ಕನೆಯ ಒಂದು ಭಾಗವನ್ನು ಕತ್ತರಿಸಿಹಾಕಿದರು. ಕತ್ತರಿಸಿದ ಭಾಗವನ್ನು ಯಾರೂ ಜೋಪಾನವಾಗಿ ಕಾಪಾಡಲಿಲ್ಲ. ಬಹುಕಾಲ ಲೋಕವು ನೋಡಿ ಹೊಗಳಿದ್ದೂ ತೆಗಳಿದ್ದೂ ಈ ಛಿನ್ನಕೃತಿಯನ್ನೇ.

ಇದನ್ನು ಮತ್ತೆ ಕೂಡಿಸಲು ಹೊರಟ ಜರ್ಮನಿಯ ವಿದ್ವಾಂಸರಿಗೆ (ಅವರಲ್ಲಿ ಮ್ಯೂನಿಚ್ ನಗರದ ಚಿತ್ರಸಂಗ್ರಹಾಲಯದ ಎನ್ನೋ ಪಟಾಲಸ್ ಮಹಾಶಯರು ಮುಖ್ಯರು) ಮೂರು ಸಾಧನಗಳು ದೊರೆತವು. ಮೊದಲನೆಯದು, ಚಿತ್ರಪರೀಕ್ಷಣಾಧಿಕಾರಿಗಳ ಕಚೇರಿಯ ಪತ್ರಗಳು. ಮೂಕಚಿತ್ರದ ನಡುನಡುವೆ ತೆರೆಯ ಮೇಲೆ ಕಾಣಿಸುವ ಬರಹಗಳೆಲ್ಲವನ್ನೂ ಅವುಗಳಲ್ಲಿ ಅನುಕ್ರಮವಾಗಿ ಬರೆದಿಟ್ಟಿದ್ದರು. ಎರಡನೆಯದು, ಚಿತ್ರಕ್ಕೆ ವಾದ್ಯಸಂಗೀತವನ್ನು ರಚಿಸಿದ ಗಾಟ್‌ಫ್ರೀಡ್ ಹುಪ್ಪರ್ಟ್ಸನ ಸ್ವರಲಿಪಿ; ಯಾವ ಸ್ವರಕ್ಕೆ ತೆರೆಯ ಮೇಲೆ ಯಾವ ದೃಶ್ಯ ಬರಬೇಕೆಂಬುದನ್ನು ಅದರಲ್ಲಿ ಸಾವಿರಕ್ಕೂ ಮಿಕ್ಕ ಕಡೆಗಳಲ್ಲಿ ಗುರುತುಮಾಡಲಾಗಿತ್ತು. ಮೂರನೆಯದು, ಅದೇ ಹುಪ್ಪರ್ಟ್ಸನ ಕಾಗದಪತ್ರಗಳಲ್ಲಿ ಉಳಿದುಬಂದಿದ್ದ ಚಿತ್ರಕಥೆಯ ಪ್ರತಿ. ಆ ಚಿತ್ರಕಥೆಯನ್ನು ಬರೆದವಳು ತೇಯಾ ಫೊನ್ ಹಾರ್ಬೂ ಎಂಬ ಸ್ತ್ರೀ. ಪ್ರಕೃತ ಲೇಖನವು ಈಕೆಯನ್ನು ಕುರಿತದ್ದು.

‘ಮೆಟ್ರೊಪೊಲಿಸ್’ ಯಾರ ಕೃತಿಯೆಂದು ಕೇಳಿದರೆ, ಈ ಕಲೆಯನ್ನು ಬಲ್ಲವರು ನಿರ್ದೇಶಕನಾದ ಫ್ರಿಟ್ಸ್ ಲಾಂಗನ ಹೆಸರನ್ನು ಹೇಳುವರು. ೧೯೨೦ರಿಂದ ೧೯೩೩ರ ವರೆಗೆ ಆತನು ನಿರ್ಮಿಸಿದ ಪ್ರಸಿದ್ಧ ಚಿತ್ರಗಳೆಲ್ಲಕ್ಕೂ ಕಥಾಶರೀರವನ್ನು ಒದಗಿಸಿದವಳು ಹಾರ್ಬೂ. ಹೀಗಿದ್ದರೂ ವಿಮರ್ಶಕರಲ್ಲಿ ಒಂದು ವಿಚಿತ್ರವಾದ ದಾಯವಿಭಾಗ ರೂಢಿಗೆ ಬಂದಿತು: ಈ ಚಿತ್ರಗಳಲ್ಲಿ ಕಣ್ಣಿಗೆ ಸೊಗಸಾದುದೆಲ್ಲ ಲಾಂಗನದು, ಬುದ್ಧಿಗೆ ಒಪ್ಪದಿರುವುದೆಲ್ಲ ಅವನ ಹೆಂಡತಿಯದು. ಸ್ಪೇನ್ ದೇಶದ ಲೂಯಿಸ್ ಬುನ್ಯುಯೆಲ್ ೧೯೨೭ರಲ್ಲಿಯೇ ‘ಮೆಟ್ರೊಪೊಲಿಸ್’ ಚಿತ್ರದ ದೃಶ್ಯಗಳನ್ನು ಕೊಂಡಾಡಿ, ಕಥೆಯ ದೋಷವನ್ನು ಹಾರ್ಬೂಳ ತಲೆಗೆ ಕಟ್ಟಿದನು. ಮುಂದೆ ಈಕೆ ನಾತ್ಸಿ ಪಕ್ಷವನ್ನು ಸೇರಿದುದರಿಂದ ಈ ವಿಭಾಗಕ್ಕೆ ಇನ್ನಷ್ಟು ಬಲ ಬಂದಿತು. ಗುಣವೆಲ್ಲ ಒಬ್ಬನಿಗೆ, ದೋಷವೆಲ್ಲ ಇನ್ನೊಬ್ಬಳಿಗೆ ಎಂಬೀ ನಿರ್ಣಯವು ಪ್ರಮಾಣಕ್ಕೆ ನಿಲ್ಲುವುದೇ ಎಂಬುದನ್ನು ಇಲ್ಲಿ ವಿಚಾರಿಸಬೇಕಾಗಿದೆ. ಆಕೆಯನ್ನು ದೋಷಮುಕ್ತಳನ್ನಾಗಿ ಮಾಡಬೇಕೆಂಬ ಹಟ ನಮಗಿಲ್ಲ. ಕೃತಿಯ ಕೀರ್ತಿಯಲ್ಲಿ ಆಕೆಗೆ ಪಾಲನ್ನು ಕೊಡುವವರು ಅದರ ಋಣದಲ್ಲಿಯೂ ಪಾಲನ್ನು ಕೊಡಲೇಬೇಕು.

ಹಾರ್ಬೂ ಹುಟ್ಟಿದುದು ೧೮೮೮ನೆಯ ಇಸವಿ ಡಿಸೆಂಬರ್ ೨೭ರಂದು, ಬವೇರಿಯಾ ಪ್ರಾಂತದ ಹೋಫ್ ನಗರದ ಬಳಿಯ ಟೌಪರ್‌ಲಿಟ್ಸ್ ಗ್ರಾಮದಲ್ಲಿ. ವಂಶ ಕುಲೀನವಾದುದು, ಸಂಪತ್ತು ಮಾತ್ರ ವಂಶಕ್ಕೆ ತಕ್ಕಷ್ಟಿರಲಿಲ್ಲ. ಚಿಕ್ಕಂದಿನಿಂದಲೇ ಕಥೆ ಬರೆಯುವ ಅಭ್ಯಾಸವಿದ್ದರೂ ಮೊದಲು ಹಿಡಿದುದು ನಾಟಕದ ವೃತ್ತಿ. ೧೯೦೬ರಲ್ಲಿ ಡ್ಯುಸೆಲ್ಡಾರ್ಫ್ ನಗರದ ರಂಗಭೂಮಿಯನ್ನು ಏರಿ, ಅನಂತರ ವೈಮಾರ್, ಕೆಮ್ನಿಟ್ಸ್, ಆಖೆನ್ ನಗರಗಳಲ್ಲಿ ಅಭಿನಯಿಸಿದಳು. ಆಖೆನ್ನಿನಲ್ಲಿ ಪರಿಚಿತನಾದ ರುಡಾಲ್ಫ್ ಕ್ಲೈನ್-ರೋಗೆ ಎಂಬ ನಟನನ್ನು ೧೯೧೪ರಲ್ಲಿ ವಿವಾಹವಾದಳು. ಈ ದಾಂಪತ್ಯವು ಮುರಿದು, ೧೯೨೨ರಲ್ಲಿ ಈಕೆ ಲಾಂಗನ ಕೈಹಿಡಿದ ಬಳಿಕವೂ, ಅದೇ ಕ್ಲೈನ್-ರೋಗೆ ಈ ಹೊಸ ದಂಪತಿಗಳ ಚಿತ್ರಗಳಲ್ಲಿ ಒಂದಾದಮೇಲೊಂದರಂತೆ ಖಳಪಾತ್ರಗಳನ್ನು ಧರಿಸುತ್ತ ಬಂದನು. ನಮ್ಮ ಕಡೆಯ ನಾಟಕಮಂಡಲಿಗಳಲ್ಲಿ ಇಂಥದು ನಡೆಯುತ್ತಿದ್ದಿತೋ ಇಲ್ಲವೋ, ಆ ಮಂಡಲಿಗಳನ್ನು ಕಂಡವರೇ ಹೇಳಬೇಕು.

೧೯೧೮ರಲ್ಲಿ ಈಕೆ ‘ಭಾರತದ ಸಮಾಧಿ’ ಎಂಬರ್ಥದ ಹೆಸರುಳ್ಳ ಕಾದಂಬರಿಯೊಂದನ್ನು ಪ್ರಕಟಿಸಿದಳು. ಭರತಖಂಡವನ್ನು ಕಣ್ಣಾರೆ ಕಾಣದೆ ಬರೆದ ಪುಸ್ತಕವಿದು. ಇದನ್ನು ಲಾಂಗನೂ ಈಕೆಯೂ ಕೂಡಿ ಚಿತ್ರಕಥೆಯಾಗಿ ಮಾರ್ಪಡಿಸಿದರು; ನಿರ್ದೇಶನವನ್ನು ತಾನೇ ಮಾಡಬೇಕೆಂದು ಲಾಂಗನು ಆಶಿಸಿದ್ದನಾದರೂ ನಿರ್ಮಾಪಕನಾದ ಯೋ ಮೈ ಎಂಬುವನು ಅದನ್ನು ತನಗೇ ಇಟ್ಟುಕೊಂಡು, ೧೯೨೧ರಲ್ಲಿ ಎರಡು ಭಾಗಗಳಾಗಿ ಹೊರತಂದನು. ಎಶ್ನಾಪುರವೆಂಬ ಕಲ್ಪಿತ ಸಂಸ್ಥಾನದ ಮಹಾರಾಜನು ಆಂಗ್ಲೇಯ ಅಧಿಕಾರಿಯೊಬ್ಬನಲ್ಲಿ ಮನಸ್ಸಿಟ್ಟ ತನ್ನ ರಾಣಿಗೆ, ಆಕೆ ಬದುಕಿರುವಾಗಲೇ, ಸಮಾಧಿಯನ್ನು ಕಟ್ಟಿಸಲು ಪರದೇಶದ ವಾಸ್ತುಶಿಲ್ಪಿಯನ್ನು ಕರೆಸುವುದೇ ಕಥೆಯ ಬೀಜ. ಕರೆತರಲು ಹೋಗುವವನು ಒಬ್ಬ ಯೋಗಿ. ಹಿಂದೂ ಸಂಸ್ಥಾನದಲ್ಲಿ ಸಮಾಧಿಭವನವೇಕೆ, ಯೋಗಿಗೆ ದೂತಕಾರ್ಯವೇಕೆ ಎಂದು ಕೇಳುವುದು ವ್ಯರ್ಥ. ತಾಜಮಹಲಿನ ಚಿತ್ರಪಟಗಳನ್ನು ನೋಡಿ ಕಟ್ಟಿದ ಭಾರತವಿದು. ನಮ್ಮನ್ನು ಬೆಚ್ಚಿಸುವುದು ಬೇರೊಂದು ಸಂಗತಿ. ಪತಿಗೆ ದ್ರೋಹ ಬಗೆದಳೆಂಬ ಆರೋಪವನ್ನು ಹೊತ್ತ ಆ ರಾಣಿಯ ಹೆಸರು ಸಾವಿತ್ರಿ!

ಅದೇ ೧೯೨೧ರಲ್ಲಿ ಹಾರ್ಬೂ ಮತ್ತು ಲಾಂಗ್ ಇಬ್ಬರೂ ಕೂಡಿ ರಚಿಸಿದ ‘ಬಳಲಿದ ಮೃತ್ಯು’ ಎಂಬ ಚಿತ್ರವು ಹೊರಬಿದ್ದಿತು. ಅದರ ವಸ್ತು ಹೀಗಿದೆ. ಪ್ರಿಯನನ್ನು ಮೃತ್ಯುವು ಒಯ್ದಾಗ ತರುಣಿಯೊಬ್ಬಳು ಮೃತ್ಯುವಿನ ಮನೆಯವರೆಗೂ ಹಿಂಬಾಲಿಸಿ ಹೋಗಿ, ಅವನನ್ನು ಹಿಂದಕ್ಕೆ ಕೊಡೆಂದು ಬೇಡುತ್ತಾಳೆ. ತನ್ನ ಕೆಲಸದಿಂದ ತಾನೇ ಬೇಸತ್ತಿರುವ ಮೃತ್ಯುವು ಮೂರು ದೀಪಗಳನ್ನು ತೋರಿಸಿ, ಇವುಗಳಲ್ಲಿ ಒಂದನ್ನಾದರೂ ಆರದಂತೆ ಉಳಿಸಿದರೆ ನಿನ್ನವನನ್ನು ಬಿಡುವೆನೆಂದು ಒಪ್ಪುತ್ತಾನೆ. ಮೂರು ದೀಪಗಳಿಗೆ ಮೂರು ಕಥೆಗಳು, ಮೂರು ದೇಶಗಳು: ಮುಸಲ್ಮಾನರ ನಗರ, ವೆನಿಸ್, ಚೀನಾ. ಮೂರೂ ಆರಿಹೋಗುತ್ತವೆ. ಕೊನೆಗೆ, ಇನ್ನೊಂದು ಜೀವವನ್ನು ತಂದುಕೊಟ್ಟರೆ ಬಿಡುವೆನೆನ್ನಲು, ಆಕೆ ಉರಿಯುತ್ತಿರುವ ಮನೆಯಲ್ಲಿ ಸಿಕ್ಕಿದ ಕೂಸನ್ನು ಅವನಿಗೆ ಒಪ್ಪಿಸಲಾರದೆ ತಾಯಿಗೆ ಉಳಿಸಿಕೊಟ್ಟು, ತನ್ನ ಜೀವವನ್ನೇ ಕೊಟ್ಟು ಪ್ರಿಯನನ್ನು ಸೇರುತ್ತಾಳೆ. ವನಪರ್ವದ ಸಾವಿತ್ರ್ಯುಪಾಖ್ಯಾನವನ್ನು ಬಲ್ಲವರಿಗೆ ಸಾದೃಶ್ಯವನ್ನು ಎತ್ತಿ ತೋರಿಸಬೇಕಾದುದಿಲ್ಲ, ಭೇದವೇ ಗಮನಾರ್ಹವಾದುದು. ನಮ್ಮ ಸಾವಿತ್ರಿ ಮಾತಿನ ಚಾತುರ್ಯದಿಂದ ಧರ್ಮರಾಜನನ್ನು ಕಟ್ಟಿಹಾಕಿ ವರದ ಮೇಲೆ ವರವನ್ನು ಪಡೆಯುತ್ತಾಳೆ. ಮೂಕಚಿತ್ರದ ಈ ತರುಣಿಗೆ ಮಾತಿನ ಬಲವಿಲ್ಲ, ಓಟವೂ ಕೈಚಾಚುವುದೂ ಅಷ್ಟೇ. ಯಮನು ಸೋಲುತ್ತಾನೆ, ಮೃತ್ಯುವು ಸೋಲುವುದಿಲ್ಲ, ದಣಿದಿದ್ದಾನೆ ಮಾತ್ರ. ಒಂದೇ ವರ್ಷದಲ್ಲಿ ಒಂದು ಚಿತ್ರಕ್ಕೆ ಸಾವಿತ್ರಿಯ ಹೆಸರು ಕಥೆಯಿಲ್ಲದೆ ಬಂದಿತು. ಇನ್ನೊಂದಕ್ಕೆ ಸಾವಿತ್ರಿಯ ಕಥೆಯನ್ನು ಹೋಲುವ ಕಥೆ, ಹೆಸರಿಲ್ಲದೆ.

ಈಕೆಯ ಬರವಣಿಗೆಯ ರೀತಿಯನ್ನು ತಿಳಿಯಲು ಸಮಕಾಲೀನನಾದ ಕಾರ್ಲ್ ಮೈಯರನನ್ನು ಪಕ್ಕಕ್ಕಿಟ್ಟು ನೋಡಬೇಕು. ಆಸ್ಟ್ರಿಯ ದೇಶದಲ್ಲಿ ಹುಟ್ಟಿ ಬರ್ಲಿನ್ನಿನಲ್ಲಿ ಹೆಸರುಗಳಿಸಿದ ಈತನ ಚಿತ್ರಕಥೆಗಳಲ್ಲಿ ವಾಕ್ಯಗಳು ಪದ್ಯದ ಸಾಲುಗಳಂತೆ ತುಂಡುತುಂಡಾಗಿರುತ್ತವೆ. ೧೯೨೪ರಲ್ಲಿ ಮುರ್ನೌ ನಿರ್ದೇಶಿಸಿದ ‘ಕಟ್ಟಕಡೆಯ ಮನುಷ್ಯ’ ಎಂಬ ಚಿತ್ರದಲ್ಲಿ, ಉಪಸಂಹಾರವನ್ನು ಪೀಠಿಕೆಗೊಳಿಸುವ ಒಂದು ಬರಹವನ್ನುಳಿದು, ಕಥೆಯನ್ನು ವಿವರಿಸುವ ಬರಹಗಳೇ ಇಲ್ಲ. ಮೈಯರನಿಗೆ ಮಾತು ಕಳೆಯತಕ್ಕ ವಸ್ತು. ಹಾರ್ಬೂಳಿಗೆ ಮಾತು ಪ್ರಿಯವಾದ ವಸ್ತು. ಈಕೆ ಮೊದಲು ಕಾದಂಬರಿಕಾರ್ತಿ, ಅನಂತರ ಚಿತ್ರಕಥಾಕಾರ್ತಿ. ‘ಮೆಟ್ರೊಪೊಲಿಸ್’, ‘ಗೂಢಚಾರರು’, ‘ಚಂದ್ರಲೋಕದಲ್ಲಿ ಸ್ತ್ರೀ’ ಮುಂತಾದವು ಚಿತ್ರಗಳಾದಂತೆಯೇ ಕಾದಂಬರಿಗಳಾಗಿಯೂ ಅಚ್ಚಾದವು. ವಿಷಯದ ಹರವು ದೊಡ್ಡದು. ಲಾಂಗನೊಬ್ಬನಿಗೇ ಅಲ್ಲದೆ ಮುರ್ನೌಗೆ ನಾಲ್ಕು ಚಿತ್ರಗಳನ್ನು ಬರೆದಳು. ಡೆನ್ಮಾರ್ಕಿನ ಕಾರ್ಲ್ ಡ್ರೈಯರನೊಡನೆ ಹರ್ಮನ್ ಬಾಂಗನ ಕಾದಂಬರಿಯೊಂದನ್ನು ೧೯೨೪ರಲ್ಲಿ ‘ಮಿಖಾಯೆಲ್’ ಎಂಬ ಚಿತ್ರವಾಗಿಸಿದಳು.

ಪ್ರಾಚೀನ ಕಾವ್ಯವೊಂದನ್ನು ಈಕೆ ಹೇಗೆ ಬಳಸಿಕೊಂಡಳೆಂಬುದನ್ನು ‘ನಿಬೆಲುಂಗರು’ ಎಂಬ ಎರಡು ಭಾಗಗಳ ಚಿತ್ರದಿಂದ (೧೯೨೪) ತಿಳಿಯಬಹುದು. ಇದರ ಮೂಲವು ಕ್ರಿ. ಶ. ೧೨೦೦ರ ಸುಮಾರಿನಲ್ಲಿ ಮಧ್ಯಕಾಲದ ಜರ್ಮನ್ ಭಾಷೆಯಲ್ಲಿ ರಚಿತವಾದ, ೩೯ ಸರ್ಗಗಳ, ಕವಿಯ ಹೆಸರು ತಿಳಿಯದ ವೀರಕಾವ್ಯ. ನಮ್ಮಲ್ಲಿ ಭಾರತಕ್ಕಿರುವ ಸ್ಥಾನವೇ ಜರ್ಮನರಲ್ಲಿ ಅದಕ್ಕಿದೆಯೆಂದರೆ ಅತ್ಯುಕ್ತಿಯಾಗುತ್ತದೆ. ಆದರೂ ಅದರ ಮೇಲೆ ಕೈಯಿಡುವುದು ಸುಲಭದ ಮಾತಲ್ಲ. ಹಾರ್ಬೂ ಒಂದೊಂದು ಭಾಗವನ್ನೂ ಏಳೇಳು ಗೀತಗಳಾಗಿ ವಿಭಾಗಿಸಿದಳು. ಮೂಲಕಾವ್ಯದಲ್ಲಿ ನಾಯಕನಾದ ಸೀಗ್‌ಫ್ರೀಡನು ಘಟಸರ್ಪವನ್ನು ಕೊಂದ ವೃತ್ತಾಂತವನ್ನು ಹಾಗೆನ್ ಎಂಬ ಪಾತ್ರವು ಮೂರನೆಯವರ ಕಥೆಯಂತೆ ಕೆಲವು ಮಾತುಗಳಲ್ಲಿ ಹೇಳಿ ಮುಗಿಸುತ್ತದೆ. ಚಿತ್ರದಲ್ಲಿ ಅದು ಆರಂಭದಲ್ಲಿಯೇ ಪ್ರತ್ಯಕ್ಷವಾಗುತ್ತದೆ. ಶ್ರವ್ಯವನ್ನು ದೃಶ್ಯವಾಗಿ ಮಾರ್ಪಡಿಸುವವನು ಮಾಡಲೇಬೇಕಾದ ಕೆಲಸವಿದು. ಇದಕ್ಕಿಂತ ಮಹತ್ತ್ವದ ಮಾರ್ಪಾಡು ಬ್ರುನ್‌ಹಿಲ್ಡಳ ವಿಷಯದಲ್ಲಿ. ಮೂಲದ ಕವಿ ಸೀಗ್‌ಫ್ರೀಡನ ಕೊಲೆಗೆ ಕಾರಣಳಾದ ಈ ರಾಣಿಯನ್ನು ಕೊಲೆಯ ಅನಂತರ ಹೆಚ್ಚುಕಡಿಮೆ ಮರೆತೇಬಿಡುತ್ತಾನೆ. ಹಾರ್ಬೂ ಮರೆಯುವುದಿಲ್ಲ, ಸತ್ತ ವೀರನ ಶವದ ಬಳಿಯಲ್ಲಿ ಬ್ರುನ್‌ಹಿಲ್ಡಳೂ ಪ್ರಾಣತ್ಯಾಗ ಮಾಡಿ ಬಿದ್ದಿರುವುದನ್ನು ತೋರಿಸುತ್ತಾಳೆ. ದ್ವೇಷದ ಒಳಗೆ ಅಡಗಿದ್ದ ರತಿಭಾವವು ಇದರಿಂದ ವ್ಯಕ್ತವಾಗಿ, ಮುಂದಿನ ರಕ್ತಪಾತಕ್ಕೆ ಕಾರಣವೂ ಗಟ್ಟಿಯಾಗುತ್ತದೆ. ಪತಿಯು ಕೊನೆಯ ಸಲ ಬೀಳ್ಕೊಂಡ ಎಡೆಯಲ್ಲಿ ಹೂಬಿಟ್ಟ ಗಿಡವು ಕ್ರೀಮ್‌ಹಿಲ್ಡಳ ಕಣ್ಣಮುಂದೆ ಕ್ರಮಕ್ರಮವಾಗಿ ಕಪಾಲದ ಆಕಾರವನ್ನು ತಾಳುವ ದೃಶ್ಯವೊಂದುಂಟು. ಅಲ್ಲಿ ವಿಭಾವವು ಯಾವುದು, ವ್ಯಭಿಚಾರಿಭಾವವು ಯಾವುದು ಎಂದು ಬಿಡಿಸಿ ತೋರಿಸಲು ಒಂದು ಶ್ಲೋಕದಲ್ಲಿರುವಷ್ಟೇ ಸಾಮಗ್ರಿಯಿದೆ.

ಇನ್ನು ‘ಮೆಟ್ರೊಪೊಲಿಸ್’. ಭವಿಷ್ಯತ್ಕಾಲದ ಒಂದು ಮಹಾನಗರ. ಮೇಲೆ ಗಗನಚುಂಬಿಯಾದ ಸೌಧಗಳಲ್ಲಿ ಒಡೆಯರು. ನೆಲದ ಕೆಳಗೆ ಯಂತ್ರಗಳು, ಅವುಗಳಿಗೂ ಕೆಳಗೆ ದುಡಿಯುವವರ ಊರು. ನಗರಾಧಿಪತಿಯಾದ ಫ್ರೆಡರ್ಸೆನ್ನನ ಮಗ ಫ್ರೆಡರನು ಪಾತಾಳದ ಜನರ ಕಷ್ಟವನ್ನು ಕಂಡು ಕರಗಿ, ಅವರಲ್ಲಿ ಸಾಂತ್ವನೋಪದೇಶ ಮಾಡುತ್ತಿದ್ದ ಮಾರಿಯಾ ಎಂಬ ಕನ್ಯೆಯನ್ನು ಪ್ರೀತಿಸುತ್ತಾನೆ. ರೋಟ್‌ವಾಂಗನೆಂಬ ಯಂತ್ರಜ್ಞನು ಲೋಹದಿಂದ ಸ್ತ್ರೀಯೊಬ್ಬಳನ್ನು ನಿರ್ಮಿಸಿ, ಅವಳಿಗೆ ಮಾರಿಯಾಳ ರೂಪವನ್ನು ಕೊಟ್ಟು, ಜನರನ್ನು ದಂಗೆಯೆಬ್ಬಿಸುತ್ತಾನೆ. ಕೊನೆಗೆ ಫ್ರೆಡರನು ತಂದೆಯ ಕೈಯನ್ನೂ ದುಡಿಯುವವರ ಮುಖಂಡನ ಕೈಯನ್ನೂ ಕೂಡಿಸುತ್ತಾನೆ. ತಲೆಗೂ ಕೈಗೂ ನಡುವೆ ಹೃದಯವು ಮಧ್ಯಸ್ಥವಾಗಬೇಕೆಂಬುದೇ ಚಿತ್ರವು ಸಾರುವ ತತ್ತ್ವ.

ಗ್ರಂಥತಾತ್ಪರ್ಯವನ್ನು ನಿಶ್ಚಯಿಸಲು ನಮ್ಮ ಮೀಮಾಂಸಕರು ಹೇಳಿದ ಲಿಂಗಗಳನ್ನು ಇಲ್ಲಿ ಹಚ್ಚಿ ನೋಡುವುದು ಅನುಚಿತವಾಗದು. ಈ ತತ್ತ್ವವು ಚಿತ್ರದ ಮೊದಲಲ್ಲಿಯೂ ಕೊನೆಯಲ್ಲಿಯೂ ಬರುವುದರಿಂದ ಉಪಕ್ರಮೋಪಸಂಹಾರಗಳ ಐಕ್ಯವುಂಟು. ನಡುವೆ ಮಾರಿಯಾಳು ಬಾಬೆಲ್ ಗೋಪುರದ ದೃಷ್ಟಾಂತವನ್ನು ಹೇಳುವಾಗ ಮತ್ತೆ ಬರುವುದರಿಂದ ಅಭ್ಯಾಸವೂ ಉಂಟು. ಗೋಪುರವನ್ನು ಮನಸ್ಸಿನಲ್ಲಿ ಕಂಡವರಿಗೂ ಅದನ್ನು ಕೈಯಿಂದ ಕಟ್ಟಿದವರಿಗೂ ಭಾಷೆ ಒಂದೇ ಆಗಿದ್ದರೂ ಒಬ್ಬರ ಮಾತು ಇನ್ನೊಬ್ಬರಿಗೆ ಅರ್ಥವಾಗಲಿಲ್ಲವೆಂಬುದು ಆ ದೃಷ್ಟಾಂತದ ಸಾರ; ಬೈಬಲ್ಲಿನ ಕಥೆಯಲ್ಲಿ ಭಾಷೆಗಳು ಬೇರೆಯಾಗುತ್ತವೆ, ಇಲ್ಲಿ ಒಂದೇ ಭಾಷೆ ಎರಡಾಗುತ್ತದೆ. ಅಪೂರ್ವತೆಯೆಂದರೆ ಇದು. ಆದರೆ ಉಪಪತ್ತಿಯೆಂಬ ಲಿಂಗವನ್ನು ಹುಡುಕಹೊರಟರೆ ಕೈಗೆ ಏನೂ ಸಿಕ್ಕುವುದಿಲ್ಲ. ಕೈಕುಲುಕಿದ ಮಾತ್ರಕ್ಕೆ ಕೆಲಸದ ಗಂಟೆಗಳು ಕಡಿಮೆಯಾದುವೆ? ಪಾತಾಳದ ಮನೆಗಳಿಗೆ ಬೆಳಕು ಬಂದಿತೆ? ಹೃದಯವು ಮಧ್ಯಸ್ಥವಾದ ಮೇಲೆಯೂ ತಲೆಯು ತಲೆಯಾಗಿಯೇ, ಕೈಯು ಕೈಯಾಗಿಯೇ ಉಳಿಯುತ್ತದೆ. ಆಂಗ್ಲ ಗ್ರಂಥಕರ್ತನಾದ ಎಚ್. ಜಿ. ವೆಲ್ಸನು ೧೯೨೭ರಲ್ಲಿ ಈ ಚಿತ್ರವನ್ನು ಕಟುವಾಗಿ ಖಂಡಿಸಿದುದರಲ್ಲಿ ಅನ್ಯಾಯವೇನೂ ಇರಲಿಲ್ಲ.

ಆದರೂ ಕೆಲವು ದೋಷಗಳು ಲೇಖಕಿಯವಲ್ಲ, ಕತ್ತರಿಯವು. ಇದಕ್ಕೆ ಒಂದೇ ಉದಾಹರಣೆ ಸಾಕು. ರೋಟ್‌ವಾಂಗನು ಲೋಹದ ಸ್ತ್ರೀಯನ್ನು ಏಕೆ ಮಾಡಿದನು? ಛಿನ್ನಪಾಠದಲ್ಲಿ ಇದಕ್ಕೆ ಸರಿಯಾದ ಕಾರಣವಿಲ್ಲ. ಹುಚ್ಚನಾದ ಯಂತ್ರಜ್ಞನೊಬ್ಬನ ಹುಚ್ಚಾಟದಂತೆ ಕಾಣುತ್ತದೆ. ಹಾರ್ಬೂ ಬರೆದ ಪಾಠದಲ್ಲಿ ಹೆಲ್ ಎಂಬ ಸ್ತ್ರೀಯ ಕಥೆಯಿತ್ತು. ರೋಟ್‌ವಾಂಗನು ಅವಳನ್ನು ಪ್ರೀತಿಸಿದ್ದನು. ಅವಳು ಫ್ರೆಡರ್ಸೆನ್ನನ ಕೈಹಿಡಿದು ಫ್ರೆಡರನನ್ನು ಹೆತ್ತು ಸತ್ತಳು. ಕಳೆದುಕೊಂಡವಳನ್ನು ಮತ್ತೆ ಪಡೆಯುವುದಕ್ಕಾಗಿ ರೋಟ್‌ವಾಂಗನು ಲೋಹಕ್ಕೆ ಜೀವವನ್ನು ಕೊಡಹೊರಟನು. ಅಮೆರಿಕದಲ್ಲಿ ಚಿತ್ರವನ್ನು ಸಂಕ್ಷೇಪಿಸಲು ನಿಯುಕ್ತನಾದ ಚಾನಿಂಗ್ ಪೊಲಾಕ್ ಎಂಬ ನಾಟಕಕಾರನು, ಈ ಹೆಸರು ಇಂಗ್ಲಿಷಿನಲ್ಲಿ ನರಕವನ್ನು ಹೇಳುವ ಶಬ್ದದಂತೆ ಕೇಳುವುದೆಂದು, ಆ ಪ್ರಸಂಗವನ್ನೇ ಕಿತ್ತುಹಾಕಿದನು. ಶಬ್ದಸಾದೃಶ್ಯದಿಂದ ಹೆದರಿ ಅರ್ಥವನ್ನು ಕೊಂದ ಲಿಪಿಕಾರರನ್ನು ನಾವೂ ಕಂಡಿದ್ದೇವೆ. ಹೀಗೆ ಕಾರಣವನ್ನು ತೆಗೆದುಹಾಕಿದ ಬಳಿಕ, ಕಥೆಯಲ್ಲಿ ಕಾರ್ಯಕಾರಣಸಂಬಂಧವಿಲ್ಲವೆಂದು ಲೇಖಕಿಯನ್ನು ದೂರುವುದು ಎಷ್ಟರ ಮಟ್ಟಿಗೆ ನ್ಯಾಯ? ೨೦೦೮ರಲ್ಲಿ ದಕ್ಷಿಣ ಅಮೆರಿಕದ ಬ್ಯೂನಸ್ ಏರಿಸ್ ನಗರದ ಚಿತ್ರಸಂಗ್ರಹಾಲಯದಲ್ಲಿ ಈ ಚಿತ್ರದ ಹೆಚ್ಚುಕಡಿಮೆ ಸಮಗ್ರವಾದ ಪ್ರತಿಯೊಂದು, ಬಹಳ ಸವೆದ ಸ್ಥಿತಿಯಲ್ಲಿ, ದೊರೆಯಿತು. ಅದರ ಸಹಾಯದಿಂದ ಸಿದ್ಧವಾದ ಪಾಠವನ್ನು ೨೦೧೦ರ ಫೆಬ್ರವರಿಯಲ್ಲಿ ಬರ್ಲಿನ್ನಿನಲ್ಲಿ ಪ್ರದರ್ಶಿಸಿದರು. ವಿದ್ವಾಂಸರು ಅದಕ್ಕೆ ಮುಂಚೆ ಚಿತ್ರಕಥೆಯನ್ನೂ ಸ್ವರಲಿಪಿಯನ್ನೂ ಇಟ್ಟುಕೊಂಡು ಊಹಿಸಿದ್ದ ಅನುಕ್ರಮವು ಬಹುಮಟ್ಟಿಗೆ ನಿಜವೆಂದು ಆಗ ತಿಳಿಯಿತು. ದೇವಾಲಯದಲ್ಲಿ ಸಂನ್ಯಾಸಿಯೊಬ್ಬನ ಉಪದೇಶ, ರೋಟ್‌ವಾಂಗನಿಗೂ ಫ್ರೆಡರ್ಸೆನ್ನನಿಗೂ ನಡೆಯುವ ಹೊಡೆದಾಟ, ಈ ಎರಡು ಪ್ರಸಂಗಗಳು ಆ ಪ್ರತಿಯಲ್ಲಿಯೂ ಉಳಿದಿರಲಿಲ್ಲ. ಅವನ್ನು ಬರಹದ ಮೂಲಕವೇ ತಿಳಿಸಬೇಕಾಯಿತು.

ಉಳಿದ ದೋಷದಲ್ಲಿ, ಎಂದರೆ ಹೃದಯಮಾಧ್ಯಸ್ಥ್ಯದ ತತ್ತ್ವದಲ್ಲಿ, ಲಾಂಗನ ಪಾಲೆಷ್ಟು? ವಯಸ್ಸಾದ ಮೇಲೆ ಆತನು ಈ ಪ್ರತಿಪಾದನೆ ತನ್ನ ಹೆಂಡತಿಯದೆಂದು ಹೇಳಿದನಾದರೂ, ಚಿತ್ರವನ್ನು ಮಾಡಿದವನು ತಾನಾದುದರಿಂದ ಕಡೆಯ ಪಕ್ಷ ಅರ್ಧದಷ್ಟು ಹೊಣೆ ತನ್ನದೆಂದೂ ಒಪ್ಪಿಕೊಂಡನು. ಈ ಒಪ್ಪಿಗೆಯು ಆತನಿಗೆ ಶೋಭೆಯನ್ನು ತರುವಂಥದು. ವಿಮರ್ಶಕರು ಮಾತ್ರ ಇದರ ಪೂರ್ವಾರ್ಧವನ್ನು ನೆನಪಿಟ್ಟು ಉತ್ತರಾರ್ಧವನ್ನು ಮರೆಯುವರು. ಚಿತ್ರದಲ್ಲಿಯೇ ಬಲವಾದ ಸಾಕ್ಷ್ಯವಿದೆ. ದಂಗೆಯೆದ್ದು ಚೆಲ್ಲಾಪಿಲ್ಲಿಯಾಗಿದ್ದ ಜನರು ಕೊನೆಯಲ್ಲಿ ದೇವಾಲಯದ ಮೆಟ್ಟಿಲುಗಳ ಕಡೆಗೆ ಬರುವಾಗ ಬಾಣದ ಮೊನೆಯ ಆಕಾರದಲ್ಲಿ, ಅಂಗುಲದಷ್ಟೂ ತಪ್ಪದೆ, ಸಾಲುಗಟ್ಟಿ ಬರುತ್ತಾರೆ. ಒಡಂಬಡಿಕೆಯಾಗುವ ಮೊದಲೇ ಇವರು ಮತ್ತೆ ಅಧೀನರಾದರೆಂಬುದನ್ನು ಈ ವ್ಯೂಹವು ಮಾತಿಗಿಂತ ಗಟ್ಟಿಯಾಗಿ ಹೇಳುತ್ತದೆ. ಸೀಗ್‌ಫ್ರೀಡ್ ಕ್ರಾಕೌವರ್ ಎಂಬ ವಿದ್ವಾಂಸರು ೧೯೪೭ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಇದನ್ನು ಗಮನಕ್ಕೆ ತಂದರು. ಜನರನ್ನು ವ್ಯೂಹವಾಗಿ ನಿಲ್ಲಿಸಿದ ಕಣ್ಣು ನಿರ್ದೇಶಕನದು. ಕಣ್ಣಿಗೆ ಸೊಗಸಾದುದೆಲ್ಲ ನಿರ್ದೋಷವೆಂಬ ವಾದವು ಇಲ್ಲಿಯೇ ಮುರಿದುಬೀಳುತ್ತದೆ.

೧೯೩೧ರ ಮೇ ತಿಂಗಳಲ್ಲಿ ಹೊರಬಂದ ‘ಎಮ್’ ಎಂಬ ವಾಕ್ಚಿತ್ರವು ಈ ದಂಪತಿಗಳ ಕೃತಿಗಳಲ್ಲಿ ಅತ್ಯುತ್ತಮವಾದುದೆಂದು ನನ್ನ ಅಭಿಪ್ರಾಯ. ಮಕ್ಕಳನ್ನು ಕೊಲ್ಲುವ ಒಬ್ಬ ಮನೋರೋಗಿಯನ್ನು ನಗರವು ಹುಡುಕುವುದು ಇದರ ವಸ್ತು. ವಸ್ತುವು ಜುಗುಪ್ಸಾಕರವಾದುದು, ನಿರ್ವಾಹವು ಅತ್ಯಂತ ಸಂಯಮದ್ದು. ಎಲ್ಸೀ ಎಂಬ ಹುಡುಗಿಯ ಕೊಲೆಯನ್ನು ನಾವು ಕಾಣುವುದೇ ಇಲ್ಲ. ತಾಯಿ ಊಟದ ಮೇಜನ್ನು ಅಣಿಮಾಡಿ ಕಾಯುತ್ತಾಳೆ, ಗಡಿಯಾರವನ್ನು ನೋಡುತ್ತಾಳೆ, ಹೆಸರು ಹಿಡಿದು ಕೂಗುತ್ತಾಳೆ. ಕೂಗು ಕೇಳುತ್ತಿರುವಾಗಲೇ ತೆರೆಯ ಮೇಲೆ ಬರಿದಾದ ಮೆಟ್ಟಿಲು, ಬರಿದಾದ ಅಟ್ಟ, ಬರಿದಾದ ತಟ್ಟೆ. ಅನಂತರ ಪೊದೆಯೊಳಗಿಂದ ಉರುಳಿಬಂದು ನಿಲ್ಲುವ ಚೆಂಡು. ತಂತಿಗಳಲ್ಲಿ ಸಿಕ್ಕಿಕೊಂಡು ಗಾಳಿಗೆ ಬಿಡಿಸಿಕೊಂಡು ಹೋಗುವ ಆಟದ ಬುಗ್ಗೆ. ಅಷ್ಟೇ. ವಾಚ್ಯವಾಗಿ ಕೊಲೆಯಿಲ್ಲ, ರಕ್ತವಿಲ್ಲ. ವ್ಯಂಗ್ಯವಾಗಿ ಅದನ್ನುಳಿದು ಬೇರೇನೂ ಇಲ್ಲ. ಆನಂದವರ್ಧನನ ಮತವನ್ನು ಶಿಷ್ಯರಿಗೆ ತಿಳಿಯಹೇಳುವಾಗ ಉದಾಹರಣೆಗಳಿಗಾಗಿ ಪ್ರಾಕೃತ ಗಾಥೆಗಳನ್ನೇ ತಡಕುವ ನಮ್ಮಂಥವರಿಗೆ, ಇಪ್ಪತ್ತನೆಯ ಶತಮಾನದ ಒಂದು ಯಂತ್ರಕಲೆಯಲ್ಲಿ ಧ್ವನಿಯು ಇಷ್ಟು ಶುದ್ಧವಾಗಿ ದೊರೆಯುವುದು ಸಂತೋಷದ ವಿಷಯ.

ಧ್ವನಿಯೆಂದರೆ ಇಲ್ಲಿ ಶ್ಲೇಷೆಯೂ ಉಂಟು. ಮಾತಾಡುವ ಚಿತ್ರಗಳು ಆಗತಾನೆ ಹುಟ್ಟಿದ್ದುವು. ಎಲ್ಲರೂ ತೆರೆಯನ್ನು ಹಾಡಿನಿಂದಲೂ ಹರಟೆಯಿಂದಲೂ ತುಂಬುತ್ತಿದ್ದಾಗ, ಈ ಚಿತ್ರದಲ್ಲಿ ವಾದ್ಯಸಂಗೀತವೇ ಇಲ್ಲ. ಕೊಲೆಗಾರನು ಸಿಳ್ಳುಹಾಕುವ ಒಂದು ರಾಗ ಮಾತ್ರ ಮತ್ತೆ ಮತ್ತೆ ಕೇಳುತ್ತದೆ. ಬುಗ್ಗೆಗಳನ್ನು ಮಾರುವ ಒಬ್ಬ ಕುರುಡನು ಆ ಸಿಳ್ಳಿನಿಂದಲೇ ಅವನನ್ನು ಗುರುತಿಸುತ್ತಾನೆ. ಕಣ್ಣುಳ್ಳ ನಗರವೆಲ್ಲ ಕಾಣದವನನ್ನು ಕುರುಡನು ಕಂಡುಹಿಡಿಯುವ ಈ ಕಲ್ಪನೆ ಬರವಣಿಗೆಯ ಮೇಜಿನ ಮೇಲೆ ಹುಟ್ಟುವಂಥದು. ಪೊಲೀಸರ ಸಭೆಯೂ ಕಳ್ಳರ ಸಭೆಯೂ ಏಕಕಾಲದಲ್ಲಿ ನಡೆಯುವುದು ಇನ್ನೊಂದು. ಕಳ್ಳರ ಮುಖಂಡನು ಆರಂಭಿಸಿದ ಕೈಸನ್ನೆಯನ್ನು ಪೊಲೀಸಿನ ಅಧಿಕಾರಿ ಮುಗಿಸುತ್ತಾನೆ. ರಾಜ್ಯವೂ ಚೋರಕುಲವೂ ಒಂದೇ ವಾಕ್ಯದ ಎರಡು ಖಂಡಗಳಾದುವು. ಕೊನೆಗೆ ಕಳ್ಳರೇ ನ್ಯಾಯಾಧೀಶರಾಗಿ ಕುಳಿತು ಮರಣದಂಡನೆಯನ್ನು ಬಯಸುವಾಗ, ಕೊಲೆಗಾರನು ತನ್ನ ಕೃತ್ಯವು ತನ್ನ ವಶದಲ್ಲಿಲ್ಲವೆಂದು ಕಿರಿಚಿಕೊಳ್ಳುತ್ತಾನೆ. ಬೇಕೆಂದೇ ಕಳ್ಳರಾದ ನೀವು ನನ್ನನ್ನು ಏನು ಬಲ್ಲಿರೆಂಬುದು ಆ ಮಾತಿನ ಭಾವ. ದಂಡನೀತಿಯ ವಿಷಯದಲ್ಲಿ ಇಷ್ಟು ತೊಡಕಾದ ಪ್ರಶ್ನೆಯನ್ನು ಎತ್ತಿದ ಲೇಖಕಿಯನ್ನು ಅರ್ಥವಿಲ್ಲದ ಭಾವುಕಳೆಂದು ಹೇಗೆ ಹೇಳೋಣ? ಅದೇ ೧೯೩೧ರಲ್ಲಿ ಈಕೆ ಗರ್ಭಪಾತವನ್ನು ಅಪರಾಧವನ್ನಾಗಿಸಿದ ೨೧೮ನೆಯ ವಿಧಿಯನ್ನು ರದ್ದುಮಾಡಬೇಕೆಂದು ಬಹಿರಂಗವಾಗಿ ವಾದಿಸಿದಳು.

ಆದಕಾರಣ ಮುಂದಿನದು ಇನ್ನಷ್ಟು ನೋಯಿಸುತ್ತದೆ. ೧೯೩೩ರಲ್ಲಿ ಹಿಟ್ಲರನು ಅಧಿಕಾರಕ್ಕೆ ಬಂದನು. ಆ ಮಾರ್ಚಿಯಲ್ಲಿ ದಂಪತಿಗಳ ‘ಡಾಕ್ಟರ್ ಮಾಬುಜೆಯ ಮರಣಶಾಸನ’ ಎಂಬ ಚಿತ್ರಕ್ಕೆ ನಿಷೇಧವಾಯಿತು; ಏಪ್ರಿಲಿನಲ್ಲಿ ದಾಂಪತ್ಯವೇ ಕಾನೂನಿನ ಪ್ರಕಾರ ಮುಗಿಯಿತು. ಲಾಂಗನು ದೇಶವನ್ನು ಬಿಟ್ಟನು, ಹಾರ್ಬೂ ಉಳಿದಳು. ಪ್ರಚಾರಮಂತ್ರಿಯಾದ ಗೋಬೆಲ್ಸನು ತನ್ನನ್ನು ಕರೆಸಿ ಉನ್ನತಪದವಿಯನ್ನು ಕೊಡಹೋದನೆಂದೂ, ತಾನು ಅದೇ ರಾತ್ರಿಯ ರೈಲಿನಲ್ಲಿ ಪ್ಯಾರಿಸಿಗೆ ಪಲಾಯನ ಮಾಡಿದೆನೆಂದೂ ಲಾಂಗನು ಬದುಕಿರುವವರೆಗೂ ಹೇಳುತ್ತಿದ್ದನು. ಆತನ ಪ್ರವಾಸಪತ್ರದ ಮುದ್ರೆಗಳನ್ನು ನೋಡಿದ ಸಂಶೋಧಕರು, ಆತನು ಆ ವರ್ಷದ ಬೇಸಗೆಯವರೆಗೂ ಜರ್ಮನಿಗೆ ಹೋಗಿಬಂದು ಮಾಡುತ್ತಿದ್ದನೆಂದು ತೋರಿಸಿದ್ದಾರೆ. ಇದರಿಂದ ಆತನ ದೇಶತ್ಯಾಗದ ಬೆಲೆ ಕಡಿಮೆಯಾಗುವುದಿಲ್ಲ. ಆದರೆ ಪೂರ್ವಪತ್ನಿಯ ವಿಷಯದಲ್ಲಿ ಆತನೊಬ್ಬನ ಮಾತನ್ನೇ ಆಪ್ತವಾಕ್ಯವೆಂದು ಸ್ವೀಕರಿಸಬಾರದು.

ಉಳಿದವಳು ಏನು ಬರೆದಳು? ೧೯೩೪ರಲ್ಲಿ ತಾನೇ ಎರಡು ಚಿತ್ರಗಳನ್ನು ನಿರ್ದೇಶಿಸಿ, ಆ ಕೆಲಸವನ್ನು ಅಲ್ಲಿಗೇ ಬಿಟ್ಟಳು. ಅನಂತರ ಅನ್ಯರಿಗಾಗಿ ಬಹಳ ಚಿತ್ರಗಳನ್ನು ಬರೆದಳು. ಅವುಗಳಲ್ಲಿ ಅನೇಕವು ನಿರಪಾಯವಾದ ಮನೋರಂಜನೆಗಳು. ೧೯೩೭ರ ‘ಆಳುವವನು’ ಎಂಬುದನ್ನು ಮಾತ್ರ ಹಾಗೆನ್ನಲಾಗದು. ಇದರ ಆಧಾರವು ಗರ್ಹಾರ್ಟ್ ಹೌಪ್ಟ್‌ಮನ್ನನ ‘ಸೂರ್ಯಾಸ್ತಕ್ಕೆ ಮುಂಚೆ’ ಎಂಬ ನಾಟಕ. ವೃದ್ಧನಾದ ಕ್ಲೌಸೆನ್ನನು ಹರೆಯದ ಹೆಣ್ಣೊಬ್ಬಳನ್ನು ಒಲಿದುದರಿಂದ ಕೆರಳಿದ ಮಕ್ಕಳು ಅವನನ್ನು ಬುದ್ಧಿಭ್ರಷ್ಟನೆಂದು ಸಾರಿಸಹೊರಡುತ್ತಾರೆ. ನಾಟಕದಲ್ಲಿ ಆತನು ಈ ಸಂಕಟವನ್ನು ತಾಳಲಾರದೆ ಸಾಯುತ್ತಾನೆ. ಹಾರ್ಬೂ, ಕುರ್ಟ್ ಬ್ರೌನನೊಡನೆ ಬರೆದ ಪಾಠದಲ್ಲಿ, ಆತನನ್ನು ಸಾಯಿಸುವುದಿಲ್ಲ. ಆತನನ್ನು ಉಕ್ಕಿನ ಕಾರ್ಖಾನೆಗಳ ಒಡೆಯನನ್ನಾಗಿ ಮಾಡಿ, ಮಕ್ಕಳನ್ನು ತೊರೆದು ಕಾರ್ಖಾನೆಯನ್ನೇ ರಾಷ್ಟ್ರಕ್ಕೆ ಬಿಟ್ಟುಕೊಡುವ ನಾಯಕನನ್ನಾಗಿ ನಿಲ್ಲಿಸುತ್ತಾಳೆ. ಗೋಬೆಲ್ಸನ ಸರಕಾರವು ಈ ಚಿತ್ರಕ್ಕೆ ಬಹುಮಾನವನ್ನು ಕೊಟ್ಟಿತು. ಬ್ರುನ್‌ಹಿಲ್ಡಳ ಮರಣವನ್ನು ಮೂಲಕ್ಕೆ ಸೇರಿಸಿದ ಕೈಯೇ ಕ್ಲೌಸೆನ್ನನ ಮರಣವನ್ನು ಮೂಲದಿಂದ ತೆಗೆದುಹಾಕಿತು. ಮೊದಲನೆಯ ಪ್ರಕ್ಷೇಪವು ಕಾವ್ಯಾರ್ಥವನ್ನು ಬೆಳೆಸಿತು. ಎರಡನೆಯದು ಪ್ರಭುವಿನ ಮುಖವನ್ನು ನೋಡಿ ಮಾಡಿದುದು. ಇಲ್ಲಿ ಆಕೆಯನ್ನು ರಕ್ಷಿಸಲು ಯಾವ ಲಾಂಗನೂ ಇಲ್ಲ, ದೂರಲೂ ಇಲ್ಲ.

ಹಾಗಾದರೆ ‘ಮೆಟ್ರೊಪೊಲಿಸ್’ ಚಿತ್ರದ ಹೃದಯತತ್ತ್ವವೇ ಬೆಳೆದು ಇದಾಯಿತೆಂದು ಕ್ರಾಕೌವರ್ ಮತಾನುಯಾಯಿಗಳು ಹೇಳುವುದು ನಿಜವೆ? ಅರ್ಧಸತ್ಯವೆಂದು ತೋರುತ್ತದೆ. ಎರಡರಲ್ಲಿಯೂ ಮೇಲಿರುವವನ ದಯೆಯಿಂದಲೇ ಕೆಳಗಿರುವವರಿಗೆ ಕ್ಷೇಮ. ಆದರೆ ಈ ಎರಡರ ನಡುವೆ ‘ಎಮ್’ ನಿಂತಿದೆ. ಅಲ್ಲಿ ಮೇಲಿರುವವರ ಕೈಸನ್ನೆಯೂ ಕಳ್ಳರ ಕೈಸನ್ನೆಯೂ ಒಂದೇ. ಉತ್ತರಗ್ರಂಥವನ್ನು ಪೂರ್ವಗ್ರಂಥಕ್ಕೆ ವ್ಯಾಖ್ಯಾನವೆಂದು ಓದುವ ಅಭ್ಯಾಸವು ನಮ್ಮಲ್ಲಿಯೂ ಎಷ್ಟೋ ಅನರ್ಥಗಳಿಗೆ ಕಾರಣವಾಗಿದೆ. ಆಕೆ ಬೇರೆ ದಾರಿಯನ್ನೂ ಬಲ್ಲವಳಾಗಿದ್ದು ಈ ದಾರಿಯನ್ನು ಹಿಡಿದಳು.

ನಾತ್ಸಿ ಪಕ್ಷವನ್ನು ಸೇರಿದುದು ಜರ್ಮನಿಯಲ್ಲಿದ್ದ ಭಾರತೀಯರಿಗೆ ನೆರವಾಗುವುದಕ್ಕೋಸ್ಕರವೆಂದು ಯುದ್ಧಾನಂತರ ಆಕೆ ಹೇಳಿಕೊಂಡಳು. ಈ ಮಾತಿಗೆ ನಮ್ಮ ನಾಡಿನ ಸಂಬಂಧವೊಂದುಂಟು. ಬೆಳಗಾವಿಯ ಸೀಮೆಯಲ್ಲಿ ಹುಟ್ಟಿ, ವಿದ್ಯಾಭ್ಯಾಸಕ್ಕಾಗಿ ಯೂರೋಪಿಗೆ ಹೋಗಿ, ಬರ್ಲಿನ್ನಿನಲ್ಲಿ ಪತ್ರಿಕಾವೃತ್ತಿಯಲ್ಲಿದ್ದ ಆಯಿ ತೆಂಡೂಲ್ಕರರು ಲಾಂಗನನ್ನು ಬಿಟ್ಟ ಅನಂತರದ ವರ್ಷಗಳಲ್ಲಿ ಆಕೆಯ ಸಂಗಾತಿಯಾಗಿದ್ದರು. ಇಬ್ಬರೂ ಗುಟ್ಟಾಗಿ ವಿವಾಹವಾದರೆಂದೂ ಹೇಳುವರು. ಆಕೆಗಿಂತ ಅವರು ವಯಸ್ಸಿನಲ್ಲಿ ಬಹಳ ಕಿರಿಯರು. ಯುದ್ಧದ ವೇಳೆಗೆ ಅವರು ಸ್ವದೇಶಕ್ಕೆ ಮರಳಿ, ಬ್ರಿಟಿಷರ ಸೆರೆಮನೆಯನ್ನು ಕಂಡು, ೧೯೪೫ರಲ್ಲಿ ಬೆಳಗಾವಿಯವರೇ ಆದ ಇಂದುಮತಿ ಗುಣಾಜಿಯವರನ್ನು ಗಾಂಧೀಜಿಯವರ ಆಶೀರ್ವಾದದಿಂದ ವಿವಾಹವಾದರು. ಈ ವೃತ್ತಾಂತವನ್ನು ಅವರ ಪುತ್ರಿ ಲಕ್ಷ್ಮೀ ಢೌಲ್ ಅವರು ೨೦೧೩ರಲ್ಲಿ ಇಂಗ್ಲಿಷ್ ಗ್ರಂಥರೂಪದಲ್ಲಿ ಪ್ರಕಟಿಸಿದ್ದಾರೆ. ಭಾರತೀಯರಿಗೆ ಆಕೆ ನೆರವಾದುದು ಸುಳ್ಳಲ್ಲ. ಆದರೆ ಭಾರತೀಯರಿಗೆ ನೆರವಾಗುವುದಕ್ಕೆ ಕ್ಲೌಸೆನ್ನನನ್ನು ಬದುಕಿಸಬೇಕಾಗಿರಲಿಲ್ಲ.

೧೯೪೫ರಲ್ಲಿ ಬ್ರಿಟಿಷ್ ಸೈನ್ಯದವರು ಆಕೆಯನ್ನು ಕೆಲವು ತಿಂಗಳು ಬಂಧನದಲ್ಲಿಟ್ಟರು. ಬಿಡುಗಡೆಯಾದ ಮೇಲೆ ಬಾಂಬುಗಳಿಂದ ಹಾಳಾದ ಬರ್ಲಿನ್ನಿನ ಬೀದಿಗಳಲ್ಲಿ ಕಲ್ಲುಮಣ್ಣು ತೆಗೆಯುವ ಹೆಂಗಸರೊಡನೆ ದುಡಿದಳು. ೧೯೫೪ರ ಬೇಸಗೆಯಲ್ಲಿ, ಬರ್ಲಿನ್ ಚಿತ್ರೋತ್ಸವದ ಸಂದರ್ಭದಲ್ಲಿ ‘ಬಳಲಿದ ಮೃತ್ಯು’ ಚಿತ್ರವನ್ನು ಮತ್ತೆ ತೋರಿಸಿದರು. ೬೫ ವರ್ಷದ ಲೇಖಕಿಯೂ ಅದಕ್ಕೆ ಬಂದಿದ್ದಳು. ಹೊರಗೆ ಬರುವಾಗ ಬಿದ್ದು ಸೊಂಟಕ್ಕೆ ಪೆಟ್ಟಾಗಿ, ಕೆಲವೇ ದಿನಗಳಲ್ಲಿ, ಜುಲೈ ೧ರಂದು ತೀರಿಕೊಂಡಳು.

ಲಾಂಗನು ಅಮೆರಿಕದಿಂದ ಜರ್ಮನಿಗೆ ಹಿಂದಿರುಗಿ ೧೯೫೯ರಲ್ಲಿ ಹೊರತಂದ ಎರಡು ಚಿತ್ರಗಳಿಗೆ ಆಧಾರವು, ಮೂವತ್ತೆಂಟು ವರ್ಷಗಳ ಹಿಂದೆ ತನ್ನ ಕೈತಪ್ಪಿದ್ದ ಅದೇ ‘ಭಾರತದ ಸಮಾಧಿ’. ಈ ಸಲ ಉದಯಪುರದ ಅರಮನೆಗಳಲ್ಲಿಯೇ ಚಿತ್ರೀಕರಣ ನಡೆಯಿತು. ಮೂಲಕಾದಂಬರಿಯು ತೇಯಾ ಫೊನ್ ಹಾರ್ಬೂಳದೆಂದು ಚಿತ್ರದಲ್ಲಿ ನಮೂದಿಸಿದ್ದಾರೆ. ಅದರ ನಾಯಿಕೆಯ ಹೆಸರು ಸಾವಿತ್ರಿಯಲ್ಲ, ಸೀತಾ.